ಸ್ಕಿನ್‌ಹೆಡ್‌ಗಳು ಜನಾಂಗದ್ವೇಷಿಗಳಾಗಿದ್ದರೆ ಜಮೈಕಾದ ಹಾಡಿಗೆ ಕುಣಿದದ್ದು ಹೇಗೆ?

ತಲೆ ಬೋಳಿಸಿಕೊಂಡು, ದಪ್ಪ ಬೂಟು ತೊಟ್ಟು, ಏಷ್ಯಾದವರ ಮೇಲೆ ಕೈಮಾಡುವ ಪುಂಡರೇ ಬ್ರಿಟನ್ನಿನ ಸ್ಕಿನ್‌ಹೆಡ್‌ಗಳು ಎಂದು ನೀವು ಇಷ್ಟು ದಿನ ತಿಳಿದಿದ್ದಿರಿ. ಅವರ ಮೊದಲ ತಲೆಮಾರು ಜಮೈಕಾದ ಕಪ್ಪು ಗಾಯಕರ ಹಾಡುಗಳಿಗೆ ಮರುಳಾಗಿತ್ತು ಎಂದು ಈಚೆಗೆ ಓದಿ, ಇವೆರಡರಲ್ಲಿ ಯಾವುದು ನಿಜ, ಇಂದು ಅಂಥ ವೇಷದವರು ಎದುರಾದರೆ ಏನೆಂದು ತಿಳಿಯಬೇಕು ಎಂದು ಕೇಳಿದ್ದೀರಿ. ನಾನು ಆರು ವರ್ಷ ಇಂಗ್ಲೆಂಡಿನ ಕವೆಂಟ್ರಿಯಲ್ಲಿ ಕೆಲಸ ಮಾಡಿದವನು. ಆ ಊರಿಗೂ ನಿಮ್ಮ ಪ್ರಶ್ನೆಗೂ ಹತ್ತಿರದ ಸಂಬಂಧವಿರುವುದರಿಂದ ಸ್ವಲ್ಪ ವಿವರವಾಗಿಯೇ ಬರೆಯುತ್ತೇನೆ.

ಎರಡೂ ನಿಜ. ಅಷ್ಟೇ ಅಲ್ಲ, ಒಂದೇ ವರ್ಷದಲ್ಲಿ, ಎಷ್ಟೋ ಸಲ ಒಬ್ಬನೇ ಹುಡುಗನಲ್ಲಿ ಎರಡೂ ನಿಜವಾಗಿದ್ದವು. ಮೊದಲಿನವರೆಲ್ಲ ಸಂಗೀತಪ್ರಿಯರಾದ ಒಳ್ಳೆಯ ಹುಡುಗರು, ಆಮೇಲೆ ಬಲಪಂಥದವರು ಬಂದು ಅವರ ಹೆಸರು ಕೆಡಿಸಿದರು ಎಂಬ ಉತ್ತರ ನಿಮಗೆ ಬೇಕಾದಷ್ಟು ಕಡೆ ಸಿಗುತ್ತದೆ. ಅದರಲ್ಲಿ ಅರ್ಧ ಸತ್ಯವಿದೆ. ಉಳಿದರ್ಧ ನಮ್ಮವರ ಮೈಮೇಲೆ ಬಿದ್ದ ಪೆಟ್ಟುಗಳನ್ನು ಮುಚ್ಚಿಡುತ್ತದೆ ಎಂಬ ಕಾರಣಕ್ಕೆ ನಾನು ಅದನ್ನು ಒಪ್ಪುವುದಿಲ್ಲ.

ಯುದ್ಧ ಮುಗಿದ ಮೇಲೂ ಬ್ರಿಟನ್ನಿನಲ್ಲಿ ಬಟ್ಟೆಯ ಪಡಿತರ 1949ರವರೆಗೆ, ಆಹಾರದ ಪಡಿತರ 1954ರವರೆಗೆ ನಡೆಯಿತು. ಆ ಬಿಗಿ ಸಡಿಲವಾಗುವ ಹೊತ್ತಿಗೆ ಕಾರ್ಖಾನೆಗಳಲ್ಲಿ ಕೆಲಸವಿತ್ತು, ಹದಿನೈದು ವರ್ಷಕ್ಕೆ ಶಾಲೆ ಬಿಟ್ಟ ಹುಡುಗರ ಕೈಯಲ್ಲಿ ಸಂಬಳವಿತ್ತು. ಲಂಡನ್ನಿನ ಸ್ಯಾವಿಲ್ ರೋ ದರ್ಜಿಗಳು ಸಿರಿವಂತರಿಗಾಗಿ ಏಳನೇ ಎಡ್ವರ್ಡ್ ದೊರೆಯ ಕಾಲದ ಉದ್ದ ಕೋಟನ್ನು ಮತ್ತೆ ಬಳಕೆಗೆ ತರಲು ಹೊರಟಿದ್ದರು. ಅದನ್ನು ದಕ್ಷಿಣ ಲಂಡನ್ನಿನ ಕೂಲಿಕಾರರ ಮಕ್ಕಳು ತಮ್ಮದಾಗಿಸಿಕೊಂಡು ಮಖಮಲ್ಲಿನ ಕಾಲರು, ಕಾಲಿಗಂಟುವ ಪ್ಯಾಂಟು, ಎಣ್ಣೆ ಹಚ್ಚಿ ಹಿಂದಕ್ಕೆ ಬಾಚಿದ ಕೂದಲಿನೊಂದಿಗೆ ಬೀದಿಗಿಳಿದರು. ಎಡ್ವರ್ಡ್ ಎಂಬ ಹೆಸರೇ ಮೊಟಕಾಗಿ ಅವರು ಟೆಡ್ಡಿ ಬಾಯ್‌ಗಳಾದರು. ಇವರು ಕುಣಿದದ್ದು ಅಮೆರಿಕದ ರಾಕ್ ಅಂಡ್ ರೋಲ್‌ಗೆ. ಅದರ ಬೇರು ಅಲ್ಲಿನ ಕಪ್ಪು ಜನರ ಸಂಗೀತದಲ್ಲಿತ್ತು. 1958ರ ಬೇಸಿಗೆಯ ಕೊನೆಯಲ್ಲಿ ಲಂಡನ್ನಿನ ನಾಟಿಂಗ್ ಹಿಲ್ ಬೀದಿಗಳಲ್ಲಿ ವೆಸ್ಟ್ ಇಂಡೀಸಿನಿಂದ ಬಂದು ನೆಲೆಸಿದವರ ಮೇಲೆ ಹಲ್ಲೆ ನಡೆಸಿದ ಗುಂಪುಗಳಲ್ಲಿಯೂ ಇದೇ ಟೆಡ್ಡಿ ಬಾಯ್‌ಗಳಿದ್ದರು. ನೀವು ಕೇಳಿದ ಒಗಟು ಸ್ಕಿನ್‌ಹೆಡ್‌ಗಳಿಗಿಂತ ಹತ್ತು ವರ್ಷ ಹಳೆಯದು.

ಅವರ ನಂತರ ಬಂದ ಮಾಡ್‌ಗಳ ಬಗ್ಗೆ ಇಲ್ಲಿ ಹೆಚ್ಚು ಹೇಳಬೇಕಾಗಿಲ್ಲ. ಇಟಲಿಯ ಮಾದರಿಯ ಚುರುಕು ಸೂಟು, ವೆಸ್ಪಾ ಮತ್ತು ಲ್ಯಾಂಬ್ರೆಟಾ ಸ್ಕೂಟರು, ಸೂಟಿಗೆ ಕೊಳೆಯಾಗದಂತೆ ಮೇಲೊಂದು ಅಮೆರಿಕನ್ ಸೇನೆಯ ಹಳೆಯ ಪಾರ್ಕಾ ಕೋಟು, ನಿದ್ದೆಗೆಡಲು ಗುಳಿಗೆ: ಇದು ಅವರ ವಾರಾಂತ್ಯ. 1964ರ ಈಸ್ಟರ್ ರಜೆಯಲ್ಲಿ ಕ್ಲಾಕ್ಟನ್, ಮೇ ತಿಂಗಳಲ್ಲಿ ಬ್ರೈಟನ್ ಮತ್ತು ಮಾರ್ಗೇಟ್ ಕಡಲತೀರಗಳಲ್ಲಿ ಅವರಿಗೂ ಮೋಟಾರ್‌ಸೈಕಲ್ಲಿನ ರಾಕರ್‌ಗಳಿಗೂ ಆದ ಜಟಾಪಟಿಯನ್ನು ಪತ್ರಿಕೆಗಳು ಮಹಾಯುದ್ಧದಂತೆ ಬಿಂಬಿಸಿದವು. ನಮಗೆ ಮುಖ್ಯವಾದದ್ದು ಬೇರೆ. ಲಂಡನ್ನಿನ ಸೋಹೋದಲ್ಲಿದ್ದ ಫ್ಲೆಮಿಂಗೋ ಕ್ಲಬ್ಬಿನಂಥ ಕಡೆಗಳಲ್ಲಿ ಈ ಬಿಳಿಯ ಹುಡುಗರು ಮೊದಲ ಬಾರಿಗೆ ಜಮೈಕಾದವರ ಜೊತೆ ಒಂದೇ ನೆಲದ ಮೇಲೆ ಕುಣಿದರು, ಅವರಿಂದ ಹೆಜ್ಜೆ ಕಲಿತರು, ಹಾಡು ಕಲಿತರು.

ಅರವತ್ತರ ದಶಕದ ಕೊನೆಗೆ ಮಾಡ್‌ಗಳು ಒಡೆದರು. ಕೆಲವರು ಕೂದಲು ಬಿಟ್ಟು ಹಿಪ್ಪಿಗಳ ಕಡೆ ನಡೆದರು. ಹಡಗುಕಟ್ಟೆ ಮತ್ತು ಕಾರ್ಖಾನೆಗಳ ಆಸುಪಾಸಿನ ಸರ್ಕಾರಿ ವಸತಿಗಳಲ್ಲಿ ಬೆಳೆದವರಿಗೆ ಆ ಉದ್ದ ಕೂದಲು, ಹೂವು, ಧ್ಯಾನ ಯಾವುದೂ ಹಿಡಿಸಲಿಲ್ಲ. ಅವರು ಕೂದಲನ್ನು ಇನ್ನಷ್ಟು ಗಿಡ್ಡ ಮಾಡಿಕೊಂಡರು. ದುಡಿಯುವವನ ಉಡುಪನ್ನೇ ಒಪ್ಪವಾಗಿ ತೊಡುವುದು ಅವರ ಹಟವಾಗಿತ್ತು: ಇಸ್ತ್ರಿ ಮಾಡಿದ ಚೌಕಳಿ ಅಂಗಿ, ಹೆಗಲ ಮೇಲಿಂದ ಪ್ಯಾಂಟನ್ನು ಹಿಡಿದಿಡುವ ತೆಳುವಾದ ಪಟ್ಟಿ, ಬೂಟು ಪೂರ್ತಿ ಕಾಣುವಂತೆ ಮೇಲಕ್ಕೆ ಮಡಚಿದ ಜೀನ್ಸ್.

ಆ ಬೂಟಿನ ಬಗ್ಗೆ ಎರಡು ಮಾತು ಹೇಳಲೇಬೇಕು, ಏಕೆಂದರೆ ಕವೆಂಟ್ರಿಯ ಮೊದಲ ಚಳಿಗಾಲದಲ್ಲಿ ನಾನೂ ಒಂದು ಜೊತೆ ಕೊಂಡಿದ್ದೆ. ಅಟ್ಟೆಯೊಳಗೆ ಗಾಳಿಯ ಗೂಡುಗಳಿರುವ ವಿನ್ಯಾಸ ಕ್ಲಾಸ್ ಮಾರ್ಟೆನ್ಸ್ ಎಂಬ ಜರ್ಮನ್ ಸೇನಾ ವೈದ್ಯನದು. ಅದರ ಹಕ್ಕು ಪಡೆದು ನಾರ್ಥಾಂಪ್ಟನ್‌ಶೈರಿನ ವೊಲಾಸ್ಟನ್ ಹಳ್ಳಿಯ ಗ್ರಿಗ್ಸ್ ಕುಟುಂಬದವರು ಈ ಬೂಟನ್ನು ಹೊರತಂದ ದಿನ 1960ರ ಏಪ್ರಿಲ್ 1. ಒಂದನೇ ತಾರೀಖು, ನಾಲ್ಕನೇ ತಿಂಗಳು, ಅರವತ್ತನೇ ಇಸವಿ ಎಂದು ಅದಕ್ಕೆ 1460 ಎಂಬ ಹೆಸರು ಬಂತು. ಲೇಸು ಪೋಣಿಸಲು ಎಂಟು ಜೊತೆ ತೂತು, ಅಟ್ಟೆಯಂಚಿನಲ್ಲಿ ಸುತ್ತಲೂ ಓಡುವ ಹಳದಿ ದಾರದ ಹೊಲಿಗೆ, ಹಿಮ್ಮಡಿಯ ಮೇಲೆ ಬೆರಳು ತೂರಿಸಿ ಎಳೆಯಲು ಕಪ್ಪು ಹಳದಿ ಬಣ್ಣದ ಬಟ್ಟೆಯ ಕುಣಿಕೆ. ಮೊದಲ ಮೂರು ವಾರ ಅದು ಹಿಮ್ಮಡಿಯ ಚರ್ಮ ಸುಲಿಯುತ್ತದೆ. ಆಮೇಲೆ ಕಾಲಿಗೆ ಎಷ್ಟು ಒಗ್ಗುತ್ತದೆಂದರೆ ಬೇರೆ ಬೂಟು ಬೇಡವೆನಿಸುತ್ತದೆ. ಅಂಚೆಯವರು ಮತ್ತು ಕಾರ್ಖಾನೆಯ ಕೆಲಸಗಾರರು ದಿನವಿಡೀ ನಿಂತು ದುಡಿಯಲು ಕೊಳ್ಳುತ್ತಿದ್ದ ಬೂಟು ಅದು.

ಇನ್ನು ಹಾಡು. ನಮ್ಮ ಪಕ್ಕದ ಮನೆಯಲ್ಲಿ ಕಾರು ಕಾರ್ಖಾನೆಯಲ್ಲಿ ದುಡಿದು ನಿವೃತ್ತರಾದ ಹಿರಿಯರೊಬ್ಬರಿದ್ದರು. 1969ರಲ್ಲಿ ಹದಿನಾರು ವರ್ಷದ ಸ್ಕಿನ್‌ಹೆಡ್ ಆಗಿದ್ದವರು. ಒಂದು ಭಾನುವಾರ ಅವರು ಅಟ್ಟದಿಂದ ರಟ್ಟಿನ ಪೆಟ್ಟಿಗೆಯೊಂದನ್ನು ಇಳಿಸಿ ಏಳಿಂಚಿನ ರೆಕಾರ್ಡುಗಳನ್ನು ತೋರಿಸಿದರು. ಕುಣಿತದ ಕೂಟಗಳಲ್ಲಿ ಬೇರೆಯವರ ರೆಕಾರ್ಡುಗಳ ಜೊತೆ ಬೆರೆಯಬಾರದೆಂದು ಪ್ರತಿಯೊಂದರ ನಡುವಿನ ಕಾಗದದ ಮೇಲೂ ನೀಲಿ ಶಾಯಿಯಲ್ಲಿ ತಮ್ಮ ಹೆಸರು ಬರೆದಿದ್ದರು. ಡೆಸ್ಮಂಡ್ ಡೆಕ್ಕರ್ ಹಾಡಿದ ‘ಇಸ್ರೇಲೈಟ್ಸ್’ ಅದರಲ್ಲಿತ್ತು. 1969ರ ಏಪ್ರಿಲಿನಲ್ಲಿ ಬ್ರಿಟನ್ನಿನ ರೆಕಾರ್ಡು ಮಾರಾಟದ ಪಟ್ಟಿಯ ನೆತ್ತಿಗೇರಿದ ಹಾಡು. ಮುಳ್ಳು ಇಳಿಸಿದಾಗ ನನಗೆ ಮೊದಲು ಕೇಳಿಸಿದ್ದು ಗಿಟಾರು. ತಾಳದ ಪೆಟ್ಟು ಬೀಳುವ ಜಾಗದಲ್ಲಿ ಅದು ಸುಮ್ಮನಿದ್ದು, ಅರ್ಧ ಎಣಿಕೆ ಕಳೆದ ಮೇಲೆ ಚಕ್ಕೆಂದು ಮೀಟುತ್ತದೆ. ಅನಾಗತದಲ್ಲಿ ಎತ್ತಿದ ಕೀರ್ತನೆಯನ್ನು ಕೇಳಿದವರಿಗೆ ಆ ಕಾಯುವಿಕೆಯ ರುಚಿ ಗೊತ್ತು. ಇಲ್ಲಿ ಹಾಡಿನ ಉದ್ದಕ್ಕೂ ಅದೇ ನಡಿಗೆ. ಸ್ಕಾ, ಅದರ ನಂತರದ ನಿಧಾನಗತಿಯ ರಾಕ್‌ಸ್ಟೆಡಿ, ಆಮೇಲಿನ ರೆಗೇ, ಮೂರಕ್ಕೂ ಇದೇ ಬೆನ್ನೆಲುಬು. ಗಿಡ್ಡ ಕೂದಲು, ಗಿಡ್ಡ ಪ್ಯಾಂಟು, ತಲೆಯ ಮೇಲೆ ಸಣ್ಣ ಅಂಚಿನ ಹ್ಯಾಟು ಕೂಡ ಬಹುಮಟ್ಟಿಗೆ ಜಮೈಕಾದ ಕಿಂಗ್‌ಸ್ಟನ್ ನಗರದ ‘ರೂಡ್ ಬಾಯ್’ ಎಂಬ ಬೀದಿ ಪುಂಡ ಹುಡುಗರಿಂದ ಬಂದದ್ದು. ಈ ಹಾಡುಗಳನ್ನು ಬ್ರಿಟನ್ನಿನ ಅಂಗಡಿಗಳಿಗೆ ತಲುಪಿಸಿದ ಟ್ರೋಜನ್ ಕಂಪನಿಯ ಸ್ಥಾಪಕರಲ್ಲೊಬ್ಬರಾದ ಲೀ ಗೋಪ್ತಾಲ್ ಭಾರತೀಯ ಮೂಲದ ಜಮೈಕನ್ನರು. ಮುಂದಿನದನ್ನು ಓದುವಾಗ ಈ ಸಂಗತಿ ನೆನಪಿರಲಿ.

1968ರ ಆರಂಭದಲ್ಲಿ ಕೀನ್ಯಾದಿಂದ ಭಾರತೀಯ ಮೂಲದವರು ಬ್ರಿಟನ್ನಿಗೆ ಹೆಚ್ಚು ಸಂಖ್ಯೆಯಲ್ಲಿ ಬರತೊಡಗಿದಾಗ ಸರ್ಕಾರ ಅವಸರದಲ್ಲಿ ಕಾನೂನು ಮಾಡಿ ಬಾಗಿಲು ಕಿರಿದು ಮಾಡಿತು. ಏಪ್ರಿಲ್ 20ರಂದು ಸಂಸದ ಈನಕ್ ಪೊವೆಲ್ ಬರ್ಮಿಂಗ್‌ಹ್ಯಾಮ್‌ನಲ್ಲಿ ವಲಸಿಗರ ವಿರುದ್ಧ ಮಾಡಿದ ಭಾಷಣ ದೇಶವನ್ನೇ ಕಲಕಿತು. ಲಂಡನ್ನಿನ ಹಡಗುಕಟ್ಟೆಯ ಕೂಲಿಗಳು ಆತನ ಪರವಾಗಿ ಮೆರವಣಿಗೆ ಹೊರಟರು. ಅದೇ ಕೂಲಿಗಳ ಮನೆಗಳಂಥ ಮನೆಗಳಿಂದ ಸ್ಕಿನ್‌ಹೆಡ್‌ಗಳು ಬಂದಿದ್ದರು. ಭಾರತ, ಪಾಕಿಸ್ತಾನ, ಪೂರ್ವ ಬಂಗಾಳ ಎಂಬ ಭೇದವಿಲ್ಲದೆ ನಮ್ಮ ಕಡೆಯವರೆಲ್ಲರನ್ನೂ ಒಂದೇ ಬೈಗುಳದಲ್ಲಿ ಕರೆದು ಅಟ್ಟಾಡಿಸಿ ಹೊಡೆಯುವುದು 1969-70ರಲ್ಲಿ ಅವರಿಗೆ ಆಟವಾಯಿತು. 1970ರ ಏಪ್ರಿಲಿನಲ್ಲಿ ಪೂರ್ವ ಲಂಡನ್ನಿನಲ್ಲಿ ತೊಸಿರ್ ಅಲಿ ಎಂಬ ಹೋಟೆಲ್ ಕೆಲಸಗಾರನ ಕೊಲೆಯಾಯಿತು.

ರೆಕಾರ್ಡು ತೋರಿಸಿದ ಆ ಹಿರಿಯರು ಅದೇ ದಿನ ಇನ್ನೊಂದನ್ನೂ ಹೇಳಿದರು. ಒಂದು ರಾತ್ರಿ ಕುಣಿತ ಮುಗಿಸಿ ಬರುವಾಗ ಜೊತೆಯ ಹುಡುಗರು ಬಸ್ಸಿಗಾಗಿ ಕಾಯುತ್ತಿದ್ದ ಒಬ್ಬ ಸಿಖ್ಖನನ್ನು ಕೆಡವಿ ಒದ್ದರಂತೆ. ಇವರು ಕಾಲೆತ್ತಲಿಲ್ಲ, ತಡೆಯಲೂ ಇಲ್ಲ. ಒದ್ದ ಹುಡುಗರ ಗುಂಪಿನಲ್ಲಿ ಜಮೈಕಾದವನೊಬ್ಬನಿದ್ದ ಎಂದೂ ಹೇಳಿದರು. ಹೇಳುವಾಗ ಅವರು ನನ್ನ ಮುಖ ನೋಡಲಿಲ್ಲ. ಕೈಯಲ್ಲಿದ್ದ ರೆಕಾರ್ಡನ್ನು ಅಂಗಿಯ ಅಂಚಿನಿಂದ ಒರೆಸುತ್ತಲೇ ಇದ್ದರು. ಅಂದು ಅವರು ಹೇಳಿದ ವಿವರಣೆ ವಿದ್ವಾಂಸರು ಬರೆದದ್ದಕ್ಕಿಂತ ತೀರ ದೂರವೇನೂ ಇರಲಿಲ್ಲ. ಜಮೈಕಾದ ಹುಡುಗರು ಅದೇ ಶಾಲೆ, ಅದೇ ಫುಟ್‌ಬಾಲ್ ಮೈದಾನ, ಅದೇ ಕುಣಿತದ ಮನೆಯಲ್ಲಿ ಬೆಳೆದವರು, ಮನೆಯಲ್ಲಿಯೂ ಇಂಗ್ಲಿಷಿಗೆ ಹತ್ತಿರದ ಮಾತನ್ನೇ ಆಡುವವರು, ಹೊಡೆದರೆ ತಿರುಗಿ ಹೊಡೆಯುತ್ತಾರೆಂದು ಹೆಸರಾದವರು. ನಮ್ಮವರು ಬೇರೆ ಭಾಷೆ, ಬೇರೆ ಊಟ, ಬೇರೆ ದೇವರ ಜನ. ರಾತ್ರಿ ಪಾಳಿ ಮುಗಿಸಿ ಒಂಟಿಯಾಗಿ ನಡೆದು ಬರುವವರು. ಹಾಡನ್ನು ಪ್ರೀತಿಸುವುದಕ್ಕೂ ಹಾಡಿದವನ ಜೊತೆ ಬಾಳುವುದಕ್ಕೂ ನಡುವೆ ದೊಡ್ಡ ಅಂತರವಿದೆ, ಆ ಅಂತರದಲ್ಲಿ ಮೂರನೆಯವನು ಪೆಟ್ಟು ತಿನ್ನುತ್ತಾನೆ ಎಂಬುದು ನನಗೆ ಆ ಭಾನುವಾರ ಅರ್ಥವಾಯಿತು.

ಎಪ್ಪತ್ತರ ದಶಕದ ಮಧ್ಯಕ್ಕೆ ಕೆಲಸಗಳು ಕಡಿಮೆಯಾದವು, ನ್ಯಾಷನಲ್ ಫ್ರಂಟ್ ಎಂಬ ಪಕ್ಷ ವಲಸಿಗರನ್ನು ಹೊರಹಾಕುವ ಮಾತಾಡುತ್ತ ಬೆಳೆಯಿತು. 1976ರ ಜೂನಿನಲ್ಲಿ ಪಶ್ಚಿಮ ಲಂಡನ್ನಿನ ಸೌತಾಲ್‌ನಲ್ಲಿ ಗುರ್‌ದೀಪ್ ಸಿಂಗ್ ಚಗ್ಗರ್ ಎಂಬ ಹದಿನೆಂಟರ ಹುಡುಗನ ಕೊಲೆಯಾದಾಗ ಅಲ್ಲಿನ ಪಂಜಾಬಿ ಯುವಕರು ಹಿರಿಯರ ಮನವಿಪತ್ರಗಳಿಗೆ ಕಾಯದೆ ತಾವೇ ಸಂಘ ಕಟ್ಟಿ ಬೀದಿಗಿಳಿದರು. ಅದೇ ವರ್ಷದ ಆಗಸ್ಟಿನಲ್ಲಿ ಗಿಟಾರ್ ವಾದಕ ಎರಿಕ್ ಕ್ಲಾಪ್ಟನ್ ವೇದಿಕೆಯ ಮೇಲಿಂದ ಪೊವೆಲ್‌ನನ್ನು ಹೊಗಳಿ ವಲಸಿಗರನ್ನು ಜರೆದದ್ದಕ್ಕೆ ಉತ್ತರವಾಗಿ ‘ರಾಕ್ ಅಗೇನ್‌ಸ್ಟ್ ರೇಸಿಸಂ’ ಎಂಬ ಚಳವಳಿ ಹುಟ್ಟಿತು; ಪಂಕ್ ಎಂಬ ಬಿರುಸಿನ ರಾಕ್ ಸಂಗೀತದ ತಂಡಗಳನ್ನು ಮತ್ತು ರೆಗೇ ತಂಡಗಳನ್ನು ಒಂದೇ ವೇದಿಕೆಗೆ ತಂದ ಅವರ ಮೆರವಣಿಗೆ 1978ರ ಏಪ್ರಿಲ್ 30ರಂದು ಲಂಡನ್ನಿನ ಟ್ರಫಾಲ್ಗರ್ ಚೌಕದಿಂದ ವಿಕ್ಟೋರಿಯಾ ಪಾರ್ಕಿನವರೆಗೆ ನಡೆಯಿತು. ಈ ಹೊತ್ತಿಗೆ ಸ್ಕಿನ್‌ಹೆಡ್‌ಗಳ ಎರಡನೇ ಅಲೆ ಎದ್ದಿತ್ತು. ಇವರಲ್ಲಿ ಬಹಳ ಮಂದಿಗೆ ಜಮೈಕಾದ ಹಾಡಿನ ನೆನಪೇ ಇರಲಿಲ್ಲ. ನ್ಯಾಷನಲ್ ಫ್ರಂಟ್ ಕಾರ್ಯಕರ್ತರು ಫುಟ್‌ಬಾಲ್ ಮೈದಾನಗಳಲ್ಲಿ ನಿಂತು ಇವರನ್ನೇ ಸೇರಿಸಿಕೊಂಡರು. ನಮ್ಮ ಮನಸ್ಸಿನಲ್ಲಿರುವ ಸ್ಕಿನ್‌ಹೆಡ್ ಚಿತ್ರ ಮುಖ್ಯವಾಗಿ ಇವರದು. 1981ರ ಜುಲೈ 3ರಂದು ಸೌತಾಲ್‌ನ ಹ್ಯಾಂಬ್ರೋ ಟ್ಯಾವರ್ನ್ ಎಂಬ ಪಬ್ಬಿನಲ್ಲಿ ಇವರ ಸಂಗೀತ ಕಾರ್ಯಕ್ರಮ ನಡೆಯಿತು, ಬಂದವರು ದಾರಿಯ ಏಷ್ಯನ್ನರ ಅಂಗಡಿಗಳ ಮೇಲೆ ದಾಳಿ ಮಾಡಿದರು, ಊರ ಯುವಕರು ತಿರುಗಿಬಿದ್ದರು, ರಾತ್ರಿ ಪಬ್ಬು ಸುಟ್ಟುಹೋಯಿತು.

ಕವೆಂಟ್ರಿಯ ಕಥೆ ಇದಕ್ಕೆ ಎದುರಾಗಿ ನಿಲ್ಲುತ್ತದೆ, ನನಗೆ ಅದರ ಮೇಲೆ ವಿಶೇಷ ಮಮತೆಯಿದೆ. 1979ರಲ್ಲಿ ಅಲ್ಲಿ ‘ಟೂ ಟೋನ್’ ಕಂಪನಿಯನ್ನು ಕಟ್ಟಿದ ಜೆರ್ರಿ ಡ್ಯಾಮರ್ಸ್ ಹುಟ್ಟಿದ್ದು ನಮ್ಮ ನೆರೆಯ ಊಟಿಯಲ್ಲಿ, ತಂದೆ ಪಾದ್ರಿ. ಆತನ ‘ದ ಸ್ಪೆಷಲ್ಸ್’ ತಂಡದಲ್ಲಿ ಬಿಳಿಯರ ಜೊತೆ ಜಮೈಕಾದಲ್ಲಿ ಹುಟ್ಟಿದ ಲಿನ್ವಲ್ ಗೋಲ್ಡಿಂಗ್ ಮತ್ತು ನೆವಿಲ್ ಸ್ಟೇಪಲ್ ಇದ್ದರು. ಹಳೆಯ ಸ್ಕಾ ತಾಳಕ್ಕೆ ಪಂಕ್‌ನ ಸಿಟ್ಟು ಬೆರೆಸಿ, ಕಪ್ಪು ಬಿಳಿ ಚೌಕಗಳನ್ನೇ ಗುರುತಾಗಿಟ್ಟುಕೊಂಡು ಅವರು ಹೊರಟರು. 1967ರಲ್ಲಿ ಡ್ಯಾಂಡಿ ಲಿವಿಂಗ್‌ಸ್ಟೋನ್ ಹಾಡಿದ್ದ ಹಾಡೊಂದನ್ನು ‘ಎ ಮೆಸೇಜ್ ಟು ಯು ರೂಡಿ’ ಎಂದು ಮತ್ತೆ ಹಾಡಿದಾಗ, ಮೂಲದಲ್ಲಿ ಟ್ರಾಂಬೋನ್ ಊದಿದ್ದ ರಿಕೋ ರಾಡ್ರಿಗಸ್ ಅವರನ್ನೇ ಕರೆತಂದು ಊದಿಸಿದರು. ಹಾಡನ್ನಷ್ಟೇ ಎತ್ತಿಕೊಳ್ಳದೆ ಹಾಡಿನ ಮೂಲ ವಾದಕನನ್ನೂ ಪಕ್ಕದಲ್ಲಿ ನಿಲ್ಲಿಸಿಕೊಂಡ ಆ ನಡೆಯಲ್ಲಿ, ಮೊದಲಿನ ಸ್ಕಿನ್‌ಹೆಡ್‌ಗಳು ಮಾಡದೆ ಬಿಟ್ಟ ಕೆಲಸವಿತ್ತು ಎಂದು ನನ್ನ ಭಾವನೆ. ಅದು ಸುಲಭವಾಗಿರಲಿಲ್ಲ. ಅವರ ಕಾರ್ಯಕ್ರಮಗಳಿಗೇ ನ್ಯಾಷನಲ್ ಫ್ರಂಟ್ ಹುಡುಗರು ಬಂದು ನಾಜಿ ಘೋಷಣೆ ಕೂಗುತ್ತಿದ್ದರು; 1980ರಲ್ಲಿ ಗೋಲ್ಡಿಂಗ್ ಅವರೇ ಲಂಡನ್ನಿನಲ್ಲಿ ಜನಾಂಗದ್ವೇಷದ ಹಲ್ಲೆಗೆ ಒಳಗಾದರು. 1981ರ ಏಪ್ರಿಲಿನಲ್ಲಿ ಕವೆಂಟ್ರಿಯ ನಡುಪೇಟೆಯಲ್ಲಿಯೇ ಸತ್ನಾಮ್ ಸಿಂಗ್ ಗಿಲ್ ಎಂಬ ವಿದ್ಯಾರ್ಥಿಯನ್ನು ಇರಿದು ಕೊಂದರು. ಜೂನ್ 20ರಂದು ಸ್ಪೆಷಲ್ಸ್ ತಮ್ಮ ಊರಿನ ಬಟ್ಸ್ ಕ್ರೀಡಾಂಗಣದಲ್ಲಿ ಜನಾಂಗ ಸೌಹಾರ್ದಕ್ಕಾಗಿ ಹಾಡಿದರು. ಮುಚ್ಚಿದ ಕ್ಲಬ್ಬುಗಳ, ಕೆಲಸವಿಲ್ಲದ ಬೀದಿಗಳ ಹಾಡಾದ ಅವರ ‘ಘೋಸ್ಟ್ ಟೌನ್’ ಜುಲೈನಲ್ಲಿ ಮೊದಲ ಸ್ಥಾನಕ್ಕೇರಿದಾಗ ಲಿವರ್‌ಪೂಲ್‌ನ ಟಾಕ್ಸ್ಟೆತ್ ಬಡಾವಣೆ ಗಲಭೆಯಲ್ಲಿ ಹೊತ್ತಿ ಉರಿದು ಹೆಚ್ಚು ದಿನವಾಗಿರಲಿಲ್ಲ.

ಇಂದಿನ ಮಾತಿಗೆ ಬರುತ್ತೇನೆ. ಆ ಬೂಟು ಈಗ ಎಲ್ಲರ ಕಾಲಿನಲ್ಲಿದೆ, 2003ರ ನಂತರ ಬಹುಪಾಲು ತಯಾರಾಗುವುದು ಏಷ್ಯಾದಲ್ಲಿಯೇ. ಮಲೇಷ್ಯಾ, ಇಂಡೋನೇಷ್ಯಾಗಳಲ್ಲಿ ಕಂದು ಮೈಬಣ್ಣದ ಸ್ಕಿನ್‌ಹೆಡ್‌ಗಳಿದ್ದಾರೆ, ಸ್ಕಾ ತಂಡಗಳಿವೆ. ಇದೇ ವೇಷದ ಮೇಲಿನ ಜಗಳವೂ ಮುಗಿದಿಲ್ಲ: 2020ರಲ್ಲಿ ಬ್ರಿಟನ್ನಿನ ಉಡುಪು ಕಂಪನಿ ಫ್ರೆಡ್ ಪೆರ್ರಿ, ಅಮೆರಿಕದ ಬಲಪಂಥೀಯ ಗುಂಪೊಂದು ತನ್ನ ಕಪ್ಪು ಹಳದಿ ಅಂಗಿಯನ್ನು ಸಮವಸ್ತ್ರ ಮಾಡಿಕೊಂಡಿತೆಂದು ಅಮೆರಿಕ ಮತ್ತು ಕೆನಡಾಗಳಲ್ಲಿ ಅದರ ಮಾರಾಟವನ್ನೇ ನಿಲ್ಲಿಸಿರುವುದಾಗಿ ಪ್ರಕಟಿಸಿತು. ಲೇಸಿನ ಬಣ್ಣ ನೋಡಿ ಮನುಷ್ಯನನ್ನು ಅಳೆಯಿರಿ ಎಂದು ಹೇಳುವವರಿದ್ದಾರೆ. ಅದನ್ನು ನಂಬಬೇಡಿ, ಊರಿಂದೂರಿಗೆ ಆ ಅರ್ಥ ಬದಲಾಗುತ್ತದೆ. ಎದೆಯ ಮೇಲಿನ ಬ್ಯಾಡ್ಜು ಹೆಚ್ಚು ಹೇಳುತ್ತದೆ. ಟ್ರೋಜನ್ ಕಂಪನಿಯ ಗುರುತಾದ ಶಿರಸ್ತ್ರಾಣ ಅಥವಾ ಕಪ್ಪು ಬಿಳಿ ಚೌಕಗಳಿದ್ದರೆ ಧೈರ್ಯವಾಗಿ ಮಾತಾಡಿಸಿ. ಎಂಬತ್ತರ ದಶಕದ ಕೊನೆಯಲ್ಲಿ ಜನಾಂಗದ್ವೇಷದ ವಿರುದ್ಧ ಸಂಘಟಿತರಾದ ಸ್ಕಿನ್‌ಹೆಡ್‌ಗಳು ಆ ಶಿರಸ್ತ್ರಾಣವನ್ನೇ ಲಾಂಛನವಾಗಿ ಆರಿಸಿಕೊಂಡರು. ವೃತ್ತದೊಳಗೆ ಸಿಲುಕಿಸಿದ ಶಿಲುಬೆಯ ಬ್ಯಾಡ್ಜು ಕಂಡರೆ ರಸ್ತೆ ದಾಟಿ ಆಚೆ ಹೋಗಿ. ಆರು ವರ್ಷಗಳಲ್ಲಿ ನಾನು ಹಾಗೆ ದಾಟಿದ್ದು ಒಂದೇ ಒಂದು ಸಲ.