ಬರೆಯದೇ ಇದ್ದ ಪುಸ್ತಕ ಅಂಗಡಿಗೆ ಬಂದದ್ದು ಹೇಗೆ?

ಪ್ರಶ್ನೆ: ಪಿಯುಸಿ ಓದುವ ಮಗ ಆನ್‌ಲೈನ್‌ನಲ್ಲಿ 'ನೆಕ್ರೊನಾಮಿಕಾನ್' ಎಂಬ ಇಂಗ್ಲಿಷ್ ಪುಸ್ತಕ ತರಿಸಿದ್ದಾನೆ. ಒಳಗೆ 'ಸೈಮನ್' ಎಂಬ ಹೆಸರಿದೆ. ಸಾವಿರದ ಮುನ್ನೂರು ವರ್ಷದ ಹಿಂದೆ ಅರಬ್ಬನೊಬ್ಬ ಬರೆದ ಮಾಟದ ಗ್ರಂಥವಂತೆ, ಓದಿದವರಿಗೆ ಹುಚ್ಚು ಹಿಡಿಯುತ್ತದಂತೆ. ಇದು ಮನೆಯಲ್ಲಿ ಇರಕೂಡದು ಅಂತ ನಮ್ಮತ್ತೆ ಹಟ ಹಿಡಿದಿದ್ದಾರೆ. ಏನು ಮಾಡಲಿ?
– ಗೃಹಿಣಿ, ಶಿವಮೊಗ್ಗ

ಉತ್ತರ: ಅತ್ತೆಯವರಿಗೆ ಧೈರ್ಯ ಹೇಳಿ. ಆ ಪುಸ್ತಕ ಅವರಿಗಿಂತ ಚಿಕ್ಕದು. ನ್ಯೂಯಾರ್ಕ್‌ನಲ್ಲಿ ಅಚ್ಚಾಗಿದ್ದು 1977ರಲ್ಲಿ. ಸುಮೇರಿಯಾದ ಹಳೆಯ ದೇವತೆಗಳ ಹೆಸರನ್ನೂ ಒಬ್ಬ ಕತೆಗಾರನ ಕಲ್ಪನೆಯ ಹೆಸರುಗಳನ್ನೂ ಸೇರಿಸಿ ಕಲಸಿದ ಚಿತ್ರಾನ್ನ ಅದು.

ಆ ಕತೆಗಾರ ಎಚ್. ಪಿ. ಲವ್‌ಕ್ರಾಫ್ಟ್. 1890ರಲ್ಲಿ ಅಮೆರಿಕದ ಪ್ರಾವಿಡೆನ್ಸ್‌ನಲ್ಲಿ ಹುಟ್ಟಿ, ಅಗ್ಗದ ಕಾಗದದ ಪತ್ರಿಕೆಗಳಿಗೆ ಭಯದ ಕತೆ ಬರೆದು, 1937ರಲ್ಲಿ ಬಡತನದಲ್ಲೇ ತೀರಿಕೊಂಡವನು. ಸುಮಾರು ಐದು ವರ್ಷದವನಿದ್ದಾಗ ಅರೇಬಿಯನ್ ನೈಟ್ಸ್ ಕತೆಗಳ ಗುಂಗಿನಲ್ಲಿ ಆಟಕ್ಕೆ ಇಟ್ಟುಕೊಂಡ ಹೆಸರು ಅಬ್ದುಲ್ ಅಲ್‌ಹಜ್ರೆಡ್. ಮುಂದೆ ಅದನ್ನೇ ತನ್ನ ಕತೆಗಳಲ್ಲಿ ಈ ಗ್ರಂಥ ಬರೆದ 'ಹುಚ್ಚು ಅರಬ್ಬ'ನಿಗೆ ಕೊಟ್ಟ. ಅರಬ್ಬಿ ಬಲ್ಲವರಿಗೆ ಈ ಹೆಸರು ಕೇಳಿದರೆ ನಗು ಬರುತ್ತದೆ. 'ಅಬ್ದುಲ್' ಎಂಬುದರಲ್ಲೇ 'ಅಲ್' ಸೇರಿಕೊಂಡಿರುವಾಗ ಹಿಂದೆಯೇ ಇನ್ನೊಂದು 'ಅಲ್' ಬರುವುದಿಲ್ಲ.

ಪುಸ್ತಕದ ಹೆಸರು ಮೊದಲು ಕಾಣಿಸಿದ್ದು 1922ರಲ್ಲಿ ಆತ ಬರೆದ ಒಂದು ಸಣ್ಣಕತೆಯಲ್ಲಿ. 1927ರಲ್ಲಿ ಆತ ಅದಕ್ಕೊಂದು ಸುಳ್ಳು ಇತಿಹಾಸವನ್ನೂ ಕಟ್ಟಿದ. ಮೂಲ ಹೆಸರು 'ಅಲ್ ಅಜೀಫ್', ಅಂದರೆ ರಾತ್ರಿ ಹುಳುಗಳ ಸದ್ದು. 738ರಲ್ಲಿ ಹಾಡಹಗಲೇ, ಜನ ನೋಡುತ್ತಿರುವಾಗಲೇ, ಕಣ್ಣಿಗೆ ಕಾಣದ ಪ್ರಾಣಿಯೊಂದು ಬರೆದವನನ್ನು ತಿಂದುಹಾಕಿತು. 950ರಲ್ಲಿ ಗ್ರೀಕ್ ಅನುವಾದ, 1228ರಲ್ಲಿ ಲ್ಯಾಟಿನ್, 1232ರಲ್ಲಿ ಪೋಪ್ ಒಂಬತ್ತನೇ ಗ್ರೆಗರಿಯ ನಿಷೇಧ. ಎಲ್ಲವೂ ಕಟ್ಟುಕತೆ. ನಿಜವಾ ಎಂದು ಯಾರಾದರೂ ಪತ್ರ ಬರೆದು ಕೇಳಿದರೆ, ಇಲ್ಲಪ್ಪ, ನಾನೇ ಕಟ್ಟಿದ್ದು ಅಂತ ಆತ ಮುಚ್ಚುಮರೆಯಿಲ್ಲದೆ ಹೇಳುತ್ತಿದ್ದ.

ಮಗ ಓದಲಿ ಬಿಡಿ. ಹುಚ್ಚು ಹಿಡಿಯುವುದಿಲ್ಲ, ಬೇಜಾರು ಹಿಡಿಯಬಹುದು.

ಪ್ರಶ್ನೆ: ನೀವು ಕಟ್ಟುಕತೆ ಅನ್ನುತ್ತೀರಿ. ಆದರೆ ಪೋಪ್ ನಿಜ, ಒಂದು ಪ್ರತಿ ಇದೆಯೆಂದು ಆ ಇತಿಹಾಸ ಹೇಳುವ ಹಾರ್ವರ್ಡ್ ಗ್ರಂಥಾಲಯವೂ ನಿಜ. ಪುಸ್ತಕ ಇತ್ತು, ಕಳೆದುಹೋಯಿತು ಅಂತ ಯಾಕಿರಬಾರದು? ಗುಣಾಢ್ಯನ ಬೃಹತ್ಕಥೆಯೂ ಹಾಗೇ ಅಲ್ವಾ?
– ನಿವೃತ್ತ ಗ್ರಂಥಪಾಲಕ, ಧಾರವಾಡ

ಉತ್ತರ: ಒಳ್ಳೆಯ ಪಾಟೀಸವಾಲು. ಪೈಶಾಚಿ ಭಾಷೆಯ ಹಳೆಯ ಕಥಾಸಂಗ್ರಹವಾದ ಬೃಹತ್ಕಥೆಯ ಮೂಲ ನಮಗೆ ಸಿಕ್ಕಿಲ್ಲ. ಗುಣಾಢ್ಯ ಅದನ್ನು ರಕ್ತದಲ್ಲಿ ಬರೆದ, ರಾಜ ತಿರಸ್ಕರಿಸಿದಾಗ ಕಾಡಿನ ಪ್ರಾಣಿಗಳಿಗೆ ಓದಿ ಹೇಳುತ್ತಾ ಬೆಂಕಿಗೆ ಹಾಕಿದ ಎಂಬ ಕತೆ ಲವ್‌ಕ್ರಾಫ್ಟ್‌ಗೂ ಹೊಳೆಯುತ್ತಿರಲಿಲ್ಲ. ಆದರೂ ಪುಸ್ತಕ ಇತ್ತು ಎಂದು ನಂಬುತ್ತೇವೆ. ದಂಡಿ ಅದರ ಮಾತೆತ್ತುತ್ತಾನೆ, ಬಾಣ ಹೊಗಳುತ್ತಾನೆ. 11ನೇ ಶತಮಾನದ ಕಾಶ್ಮೀರದಲ್ಲಿ ಕ್ಷೇಮೇಂದ್ರ, ಸೋಮದೇವ ಇಬ್ಬರೂ ಅದರ ಕತೆಗಳನ್ನು ಸಂಸ್ಕೃತದಲ್ಲಿ ಹೇಳುತ್ತಾರೆ. ಅದೇ ಶತಮಾನದಲ್ಲಿ, ಇಷ್ಟು ದೂರದ ಚಾಲುಕ್ಯರ ನಾಡಿನಲ್ಲಿ, ನಮ್ಮ ದುರ್ಗಸಿಂಹ ತನ್ನ ಪಂಚತಂತ್ರದ ಬೇರು ಅಲ್ಲಿದೆ ಎನ್ನುತ್ತಾನೆ. ಇವರೆಲ್ಲ ಒಂದೆಡೆ ಕೂತು ಮಾತಾಡಿಕೊಂಡು ಬರೆದವರಲ್ಲ.

ನೆಕ್ರೊನಾಮಿಕಾನ್ ವಿಷಯದಲ್ಲಿ ಮಾತಾಡಿಕೊಂಡೇ ಬರೆದರು. ಕ್ಲಾರ್ಕ್ ಆಷ್ಟನ್ ಸ್ಮಿತ್, ರಾಬರ್ಟ್ ಹೋವರ್ಡ್, ರಾಬರ್ಟ್ ಬ್ಲಾಕ್ ಎಲ್ಲರೂ ಲವ್‌ಕ್ರಾಫ್ಟ್‌ನ ಪತ್ರಮಿತ್ರರು. ಒಬ್ಬೊಬ್ಬರೂ ಒಂದೊಂದು ಮಾಟದ ಗ್ರಂಥ ಹುಟ್ಟಿಸಿದರು. ಅವನ ಗ್ರಂಥ ಇವನ ಕತೆಯಲ್ಲಿ, ಇವನದ್ದು ಅವನ ಕತೆಯಲ್ಲಿ. ನಾಲ್ಕು ಜನ ಹೇಳಿದ ಮೇಲೆ ಇದ್ದೇ ಇರಬೇಕು ಎಂದು ಓದುಗರು ಅಂದುಕೊಂಡರು. 1922ಕ್ಕಿಂತ ಹಿಂದೆ ಹೋದರೆ ಒಂದೇ ಒಂದು ಹೆಜ್ಜೆಗುರುತು ಇಲ್ಲ.

ಕಳ್ಳ ಒಂದು ಕಡೆ ಸಿಕ್ಕಿಬಿದ್ದೂ ಇದ್ದಾನೆ. ಲ್ಯಾಟಿನ್‌ಗೆ ಅನುವಾದಿಸಿದವನು ಓಲಾಸ್ ವರ್ಮಿಯಸ್ ಅಂತೆ. ಈ ಹೆಸರಿನ ಡೆನ್ಮಾರ್ಕ್ ವೈದ್ಯ ಇದ್ದದ್ದು ನಿಜ. ಆದರೆ ಆತ ಹುಟ್ಟಿದ್ದೇ 1588ರಲ್ಲಿ. ಹುಟ್ಟುವುದಕ್ಕೆ 360 ವರ್ಷ ಮೊದಲೇ ಅನುವಾದ ಮುಗಿಸಿದ್ದ ಪುಣ್ಯಾತ್ಮ!

ನಿಮ್ಮ ವೃತ್ತಿಯವರಿಗೆ ಕೋಪ ಬರುವ ಸಂಗತಿಯೊಂದಿದೆ. ಅಮೆರಿಕದಲ್ಲಿ ತುಂಟರು ಗ್ರಂಥಾಲಯದ ಕ್ಯಾಟಲಾಗ್ ಡ್ರಾಯರ್‌ಗಳಲ್ಲಿ ಈ ಪುಸ್ತಕದ ಕಾರ್ಡ್ ತೂರಿಸಿ ಬರುತ್ತಿದ್ದರು.

ಪ್ರಶ್ನೆ: ನನ್ನ ಫ್ಯಾಂಟಸಿ ಕಾದಂಬರಿಯಲ್ಲಿ ಒಂದು ಪುರಾತನ ಮಂತ್ರಗ್ರಂಥ ಬರುತ್ತದೆ. ಅದರ ಶ್ಲೋಕಗಳನ್ನೇ ನೂರು ಪುಟ ಬರೆದಿದ್ದೇನೆ. ಓದಿದ ಗೆಳೆಯರು ಆಕಳಿಸುತ್ತಾರೆ. ತಪ್ಪು ಎಲ್ಲಿದೆ?
– ಯುವ ಬರಹಗಾರ್ತಿ, ಮೈಸೂರು

ಉತ್ತರ: ಆ ನೂರು ಪುಟಗಳಲ್ಲೇ.

ಲವ್‌ಕ್ರಾಫ್ಟ್‌ಗೂ ಅಭಿಮಾನಿಗಳು ಪುಸ್ತಕವನ್ನೇ ಬರೆದುಬಿಡಿ ಅಂದಿದ್ದರು. ಹೆಸರು ಕೇಳಿಯೇ ನಡುಗಿದವರಿಗೆ ನಿಜವಾದ ಪುಸ್ತಕ ಕೊಟ್ಟರೆ ನಿರಾಸೆಯಾಗುತ್ತದೆ ಎಂಬುದು ಆತನ ಅಭಿಪ್ರಾಯ. ಸರಿಯಾಗೇ ಇತ್ತು. ಕತೆಗಳಲ್ಲಿ ಆತ ಗ್ರಂಥದ ಸಾಲುಗಳನ್ನು ಕೊಡುವುದು ಬಹಳ ಕಮ್ಮಿ. ಬದಲಿಗೆ ಗ್ರಂಥದ ಸುತ್ತಲಿನ ಪೀಕಲಾಟ ತೋರಿಸುತ್ತಾನೆ. ಒಂದು ಕತೆಯಲ್ಲಿ ಹಳ್ಳಿಯ ಹುಡುಗನೊಬ್ಬನ ಬಳಿ ಅಜ್ಜನಿಂದ ಬಂದ ಹರಕು ಪ್ರತಿ ಇರುತ್ತದೆ. ಬೇಕಾದ ಮಂತ್ರ ಇರಬೇಕಾದದ್ದು ಪುಟ 751ರಲ್ಲಿ, ಆ ಪುಟವೇ ಸರಿಯಿಲ್ಲ. ವಿಶ್ವವಿದ್ಯಾಲಯದ ಲ್ಯಾಟಿನ್ ಪ್ರತಿಯ ಜತೆ ತಾಳೆ ನೋಡಲು ಬರುತ್ತಾನೆ. ಗ್ರಂಥಪಾಲಕರು ಮನೆಗೆ ಕೊಡುವುದಿಲ್ಲ. ರಾತ್ರಿ ಕದಿಯಲು ಬಂದಾಗ ಕಾವಲು ನಾಯಿ ಸೀಳಿಹಾಕುತ್ತದೆ. ಮಂತ್ರ ಏನೆಂದು ನಮಗೆ ಗೊತ್ತಿಲ್ಲ. ಆದರೆ 751 ಎಂಬ ಸಂಖ್ಯೆ ಕೇಳಿದ ಮೇಲೆ ಆ ಪುಸ್ತಕ ಇಲ್ಲ ಅಂತ ಹೇಳಲು ಬಾಯಿ ಬರುತ್ತದೆಯೇ?

ನಿಮ್ಮ ಗ್ರಂಥಕ್ಕೂ ಗೆದ್ದಲು ಹಿಡಿಯಲಿ. ಒಂದು ಗರಿ ಯಾರದೋ ಮನೆಯ ಅಟ್ಟದಲ್ಲಿರಲಿ. ನಕಲು ಮಾಡಿದವನು ಒಂದು ಸಾಲನ್ನು ಬೇಕೆಂದೇ ಬಿಟ್ಟಿರಲಿ. ಶ್ಲೋಕ ಎರಡು ಸಾಕು.

ಅಂದಹಾಗೆ, ಲೇಖಕ ಸತ್ತು 60 ವರ್ಷವಾದರೆ ನಮ್ಮ ದೇಶದಲ್ಲಿ ಹಕ್ಕುಸ್ವಾಮ್ಯ ಮುಗಿಯುತ್ತದೆ. ಹಾಗಾಗಿ ಲವ್‌ಕ್ರಾಫ್ಟ್‌ನ ಗ್ರಂಥವನ್ನೇ ನಿಮ್ಮ ಕತೆಗೆ ಎಳೆದು ತಂದರೂ ಯಾರೂ ಕೇಳುವುದಿಲ್ಲ. ಶಿವಮೊಗ್ಗದ ಆ ಮನೆಯಲ್ಲಿರುವ ಸೈಮನ್ ಪುಸ್ತಕದ ಕತೆ ಬೇರೆ, ಅದರಿಂದ ನಕಲು ಹೊಡೆಯಬೇಡಿ.