ಸುಳ್ಳೇ ಹೇಳ್ಬೇಕು ಅಂತೇನಿಲ್ಲ
ಇತಿಹಾಸ ತಿರುಚೋದು ಅಂದ್ರೆ ಸುಳ್ಳು ದಾಖಲೆ ಸೃಷ್ಟಿ ಮಾಡೋದಾ ಅಂತ ಕೇಳಿದ್ರಲ್ಲ, ಅದೂ ಉಂಟು. ಕಾಲುವೆ ಪಕ್ಕ ಸ್ಟಾಲಿನ್ ಜೊತೆ ನಿಂತಿದ್ದ ಅವನ ರಹಸ್ಯ ಪೊಲೀಸ್ ಮುಖ್ಯಸ್ಥ ಯೆಝೋವ್ ಬೇಡವಾದ್ಮೇಲೆ ಅವನನ್ನ ಫೋಟೋದಿಂದಲೇ ಅಳಿಸಿ, ಆ ಜಾಗದಲ್ಲಿ ಬರೀ ನೀರು ಕಾಣೋ ಹಾಗೆ ಮಾಡಿದ್ರು. ಅಂಥದ್ದು ಇವತ್ತಲ್ಲ ನಾಳೆ ಸಿಕ್ಕಿಬೀಳುತ್ತೆ ಬಿಡಿ. ಅಸಲಿ ಕೈಚಳಕ ಇರೋದು ಅರ್ಧ ಹೇಳಿ ಅರ್ಧ ನುಂಗೋದ್ರಲ್ಲಿ, ಅದಕ್ಕೇ ನಾನು ಯಾವ ಘಟನೆ ಆದ್ರೂ ಅದರ ಹಿಂದಿನ ಎರಡು ತಿಂಗಳು ಏನಾಗಿತ್ತು ಅಂತ ಮೊದಲು ನೋಡೋದು.

ಜರ್ಮನಿನೇ ತಗೊಳ್ಳಿ. ಮೊದಲ ಮಹಾಯುದ್ಧದಲ್ಲಿ ಸೋಲ್ತಾ ಇದ್ದಾಗ, 1918ರ ಸೆಪ್ಟೆಂಬರ್ ಕೊನೇಲಿ ಇನ್ನು ಆಗಲ್ಲ, ಬೇಗ ಕದನವಿರಾಮ ಕೇಳಿ ಅಂತ ಸರ್ಕಾರದ ಬೆನ್ನು ಬಿದ್ದಿದ್ದೇ ಸೇನೆ ನಡೆಸ್ತಿದ್ದ ಹಿಂಡೆನ್‌ಬರ್ಗ್, ಲೂಡೆನ್‌ಡಾರ್ಫ್. ನವೆಂಬರ್ 11ಕ್ಕೆ ಸಹಿ ಹಾಕೋಕೆ ಮಾತ್ರ ಎರ್ಜ್‌ಬರ್ಗರ್ ಅನ್ನೋ ರಾಜಕಾರಣಿ ಮುಂದೆ ಬರ್ಬೇಕಾಯ್ತು. ಮರುವರ್ಷ ಅದೇ ಹಿಂಡೆನ್‌ಬರ್ಗ್ ಸಂಸತ್ ಸಮಿತಿ ಎದುರು, ದೇಶದೊಳಗಿನವರೇ ನಮ್ಮ ಸೇನೆಗೆ ಬೆನ್ನಿಗೆ ಚೂರಿ ಹಾಕಿದ್ರು ಅಂದ! ಸಹಿ ಹಾಕಿದ್ದು ರಾಜಕಾರಣಿ ಅನ್ನೋದು ನಿಜಾನೇ, ಸೆಪ್ಟೆಂಬರ್‌ದು ಒಂದು ಮುಚ್ಚಿಟ್ರೆ ಸಾಕು, ಕಥೆ ತಲೆಕೆಳಗಾಯ್ತು. ಎರ್ಜ್‌ಬರ್ಗರ್‌ನ 1921ರಲ್ಲಿ ಗುಂಡಿಟ್ಟು ಕೊಂದ್ರು, ನಾಜಿಗಳು ಅದೇ ಕಥೇನ ಯಹೂದಿಗಳ ತಲೆಗೆ ಕಟ್ಟಿ ವೋಟ್ ಕೇಳ್ಕೊಂಡು ಓಡಾಡಿದ್ರು.