ಮಾರ್ಷಲ್ ದ್ವೀಪದವರ ಬದುಕನ್ನು ತೋರಿಸುವ ಚಿತ್ರಗಳು

ಪ್ರಶ್ನೆ: ಪೆಸಿಫಿಕ್ ಸಾಗರದ ಮಾರ್ಷಲ್ ದ್ವೀಪಗಳೆಂದರೆ ಪರದೆಯ ಮೇಲೆ ಅಣುಸ್ಫೋಟದ ಮೋಡವೇ ಕಾಣುತ್ತದೆ. ಅಲ್ಲಿನ ಜನರನ್ನು, ಅವರ ಸಂಸ್ಕೃತಿಯನ್ನು ತೋರಿಸುವ ಚಿತ್ರಗಳಿಲ್ಲವೇ?

ಉತ್ತರ: ಖಂಡಿತ ಇವೆ. 1946ರಿಂದ 1958ರವರೆಗೆ ಅಮೆರಿಕವು ಬಿಕಿನಿ ಮತ್ತು ಎನೆವೆಟಾಕ್ ಹವಳದ್ವೀಪಗಳ ಪ್ರದೇಶದಲ್ಲಿ 67 ಅಣುಪರೀಕ್ಷೆಗಳನ್ನು ನಡೆಸಿತು. ಆಗ ಕ್ಯಾಮೆರಾ ಕೂಡ ಅದರ ಕೈಯಲ್ಲೇ ಇದ್ದುದರಿಂದ ಸ್ಫೋಟವೇ ಕಥಾನಾಯಕನ ಸ್ಥಾನ ಪಡೆಯಿತು. ಇದನ್ನು ಮನಗಾಣಲು ರಾಬರ್ಟ್ ಸ್ಟೋನ್ ಅವರ 'ರೇಡಿಯೋ ಬಿಕಿನಿ' ಸಾಕ್ಷ್ಯಚಿತ್ರವನ್ನು ಮೊದಲು ನೋಡಬೇಕು. ದ್ವೀಪ ಬಿಟ್ಟುಕೊಡುವಂತೆ ನೌಕಾಪಡೆಯ ಅಧಿಕಾರಿ ಬಿಕಿನಿಯವರನ್ನು ಕೇಳುವ, ಅವರು ಒಪ್ಪುವ ದೃಶ್ಯವನ್ನು ಕ್ಯಾಮೆರಾಕ್ಕಾಗಿ ಮತ್ತೆ ಮತ್ತೆ ನಡೆಸಿದ್ದನ್ನು ಅದರಲ್ಲಿನ ಹಳೆಯ ತುಣುಕುಗಳೇ ತೋರಿಸುತ್ತವೆ. ಅವರ ಒಪ್ಪಿಗೆಯನ್ನು ಹೀಗೆ ನಾಟಕದಂತೆ ಆಡಿಸಿದ್ದು, ನನ್ನ ದೃಷ್ಟಿಯಲ್ಲಿ, ಸ್ಫೋಟದಷ್ಟೇ ಕ್ರೂರ.

ಡೆನ್ನಿಸ್ ಓ'ರೂರ್ಕ್ ಅವರ 'ಹಾಫ್ ಲೈಫ್' 1954ರಲ್ಲಿ ಬಿಕಿನಿಯಲ್ಲಿ ನಡೆದ 'ಬ್ರಾವೋ' ಎಂಬ ಅಣುಪರೀಕ್ಷೆಯ ವಿಕಿರಣಪೂರಿತ ಬೂದಿಗೆ ಸಿಕ್ಕಿದ, ಹತ್ತಿರದ ರೊಂಗೆಲಾಪ್ ಹವಳದ್ವೀಪದ ಜನರ ಮಾತಿಗೆ ಕಿವಿಗೊಡುತ್ತದೆ. ಆದರೂ ಇವೆರಡೂ ಹೊರಗಿನವರು ಮಾಡಿದ ಚಿತ್ರಗಳು.

ಒಳಗಿನ ದನಿ ಬೇಕೆಂದರೆ ಮಾರ್ಷಲೀಸ್ ಕವಯಿತ್ರಿ ಕ್ಯಾಥಿ ಜೆಟ್ನಿಲ್-ಕಿಜಿನರ್ ಅವರು ಡ್ಯಾನ್ ಲಿನ್ ಜೊತೆ 2018ರಲ್ಲಿ ಹೊರತಂದ ಕಿರುಚಿತ್ರ 'ಅನಾಯಿಂಟೆಡ್' ನೋಡಿ. ಅಣುತ್ಯಾಜ್ಯವನ್ನು ಹೂತಿಟ್ಟ, ಎನೆವೆಟಾಕ್‌ನ ರುನಿಟ್ ದ್ವೀಪದ ಕಾಂಕ್ರೀಟ್ ಗುಮ್ಮಟದ ಮೇಲೆ ನಿಂತು, ಅವರು ತಮ್ಮ ಜನರ ಪುರಾಣಕಥೆಯ ಎಳೆ ಹಿಡಿದು ಆ ನೆಲವನ್ನೇ ಮಾತನಾಡಿಸುತ್ತಾರೆ. ಇನ್ನು ಜಾನಪದದ ಲೋಕಕ್ಕಾಗಿ ಸ್ಥಳೀಯರೇ ನಟಿಸಿರುವ, ಮಾರ್ಷಲೀಸ್ ಭಾಷೆಯ 'ನ್ಯಾ ನೋನಿಯೆಪ್' ಎಂಬ ಕಥಾಚಿತ್ರವೂ ಇದೆ.